ದಪ್ಪ ಕೂದಲಿಗೆ ದೊಡ್ಡ ಕ್ಲಚ್: ಎರಡೂವರೆ ವರ್ಷ ಬಳಸಿದ ಮೇಲೆ

ನನ್ನ ಜಡೆ ನನ್ನ ಮುಷ್ಟಿಗೇ ಸಿಗುವುದಿಲ್ಲ. ‘ಪುಣ್ಯ ಮಾಡಿದ್ದೀಯಾ’ ಅನ್ನುವವರು ಒಂದು ಭಾನುವಾರ ಬಂದು ಇದನ್ನು ತೊಳೆದು, ಒಣಗಿಸಿ, ಸಿಕ್ಕು ಬಿಡಿಸಿ ನೋಡಲಿ. ಟಿಕ್‌ಟಿಕ್ ಕ್ಲಿಪ್ ಹಾಕಿದ ಐದೇ ನಿಮಿಷಕ್ಕೆ ಪಟ್ ಅಂತ ತೆರೆದುಕೊಳ್ಳುತ್ತದೆ. ತೆಳು ರಬ್ಬರ್‌ಬ್ಯಾಂಡ್ ಮೂರನೇ ಸುತ್ತಿಗೆ ತುಂಡು. ಒಂದು ಗೃಹಪ್ರವೇಶದಲ್ಲಿ ಕುಂಕುಮ ತೆಗೆದುಕೊಳ್ಳಲು ಬಗ್ಗಿದೆ, 60 ರೂಪಾಯಿಯ ಕ್ಲಚ್ ಎರಡು ಹೋಳಾಗಿ ಸೀದಾ ಅರಿಶಿನದ ಬಟ್ಟಲಿಗೆ ಬಿತ್ತು. ಹಿಂದೆಯೇ ಕೂದಲೂ.

ಅದಾದ ವಾರವೇ ಮಲ್ಲೇಶ್ವರ 8ನೇ ಕ್ರಾಸಿಗೆ ಹೋಗಿ 220 ರೂಪಾಯಿ ಕೊಟ್ಟು ಈ ಕಂದು ಬಣ್ಣದ ದೊಡ್ಡ ಕ್ಲಚ್ ತಂದೆ. ಉದ್ದ 11 ಸೆಂ.ಮೀ. ಆದರೆ ಉದ್ದ ನೋಡಿ ಮೋಸ ಹೋಗಬೇಡಿ, ನಾನು ಹಾಗೆ ಎರಡು ಸಲ ಹೋಗಿದ್ದೇನೆ. ಅಂಗಡಿಯಲ್ಲೇ ಕ್ಲಚ್ ಮುಚ್ಚಿ, ಹಲ್ಲುಗಳ ಒಳಗೆ ಬೆರಳು ತೂರಿಸಿ ನೋಡಿ. ಮೂರು ಬೆರಳು ಸಲೀಸಾಗಿ ಹೋದರೆ ನಮ್ಮಂಥವರಿಗೆ ಆಗುತ್ತದೆ. ಎರಡೇ ಹೋದರೆ ಎಷ್ಟೇ ಉದ್ದ ಇದ್ದರೂ ಬೇಡ. ಇನ್ನೊಂದು, ಸ್ಪ್ರಿಂಗ್ ಕೂತಿರುವ ಬುಡ ದಪ್ಪ ಇರಬೇಕು. ಮುರಿಯುವುದು ಯಾವಾಗಲೂ ಅಲ್ಲೇ.

ಹಾಕುವ ರೀತಿಯೂ ಬೇರೆ. ಎಲ್ಲ ಕೂದಲನ್ನೂ ಒಟ್ಟಿಗೆ ಗಂಟು ಮಾಡಿದರೆ ಯಾವ ಕ್ಲಚ್ಚೂ ತಡೆಯುವುದಿಲ್ಲ. ಮೊದಲು ಕತ್ತಿನ ಹತ್ತಿರ ಹಿಡಿದು ಹಗ್ಗ ಹೊಸೆದ ಹಾಗೆ ಹೊಸೆಯುತ್ತೇನೆ. ಹಾಗೇ ಮೇಲಕ್ಕೆತ್ತಿ, ಉಳಿದ ತುದಿಯನ್ನು ಒಳಗೆ ಮಡಚುತ್ತೇನೆ. ಆಮೇಲೆ ಕ್ಲಚ್ಚಿನ ಒಂದು ಕಡೆಯ ಹಲ್ಲು ತಲೆಗೆ ತಾಗಿ, ಬುಡದ ಕೂದಲನ್ನು ಸ್ವಲ್ಪ ಕಚ್ಚಿಕೊಳ್ಳುವ ಹಾಗೆ ಹಾಕಬೇಕು. ಗುಟ್ಟು ಇರುವುದು ಇಲ್ಲೇ. ಇಷ್ಟು ಮಾಡಿದರೆ ಬೆಳಗ್ಗೆ ಎಂಟಕ್ಕೆ ಹಾಕಿದ್ದು ಸಂಜೆವರೆಗೆ ಅಲ್ಲಾಡುವುದಿಲ್ಲ.

ತೊಂದರೆ ಇಲ್ಲವಾ? ಇದೆ. ಬಸ್ಸಿನಲ್ಲಿ ಸೀಟಿಗೆ ತಲೆ ಒರಗಿಸುವ ಹಾಗಿಲ್ಲ. ಹೆಲ್ಮೆಟ್ ಒಳಗಂತೂ ಆಗದ ಮಾತು, ಸ್ಕೂಟರ್ ದಿನ ಕೆಳಗೆ ಸಡಿಲ ಜಡೆಯೇ ಗತಿ. ಎಣ್ಣೆ ಹಚ್ಚಿದ ದಿನ ಜಾರುತ್ತದೆ. ಒದ್ದೆ ಕೂದಲಿಗೆ ನಾನು ಹಾಕುವುದಿಲ್ಲ. ನೆನೆದ ಕೂದಲು ಎಳೆದರೆ ಬೇಗ ತುಂಡಾಗುತ್ತದೆ, ಮೇಲಾಗಿ ಒಳಗೆ ಮುಗ್ಗಲು ವಾಸನೆ ಬೇರೆ.

ಸುಮ್ನೆ ದುಡ್ಡು ಹಾಕಿದ್ದೂ ಇದೆ. ಬನಾನಾ ಕ್ಲಿಪ್ ಒಂದೇ ವಾರ ಬಾಳಿತು. ಸ್ಯಾಟಿನ್ ಸ್ಕ್ರಂಚಿ ಹಗಲಿಗೆ ಪ್ರಯೋಜನವಿಲ್ಲ, ರಾತ್ರಿ ಮಲಗುವಾಗ ಚೆನ್ನ. ಟೆಲಿಫೋನ್ ವೈರಿನಂಥ ಸುರುಳಿ ಬ್ಯಾಂಡ್ ಪರವಾಗಿಲ್ಲ. ಹಿಗ್ಗಿದಾಗ ಬಿಸಿನೀರಿಗೆ ಹಾಕಿದರೆ ಮತ್ತೆ ಕುಗ್ಗುತ್ತದೆ, ಆದರೆ ನಾಲ್ಕನೇ ಸಲಕ್ಕೆ ನನ್ನದು ಏಳಲಿಲ್ಲ.

ಹೂವು ಮುಡಿಯುವ ದಿನ ಕ್ಲಚ್ ಡಬ್ಬಿಯಲ್ಲೇ ಇರುತ್ತದೆ. ಒಂದು ಮೊಳ ಮಲ್ಲಿಗೆ ಅದರ ಮೇಲೆ ನಿಲ್ಲುವುದೂ ಇಲ್ಲ, ಚೆಂದವೂ ಅಲ್ಲ. ಆಗ ತುರುಬು ಕಟ್ಟಿ ಅಮ್ಮನ ಕಪ್ಪು ಯು ಪಿನ್ನುಗಳಿಗೆ ಶರಣು. ಪಿನ್ನನ್ನು ತುರುಬಿನ ಹೊರಗಿನ ಕಡೆಗೆ ಮುಖ ಮಾಡಿ ಚುಚ್ಚಿ, ಒಂದೆರಡು ಎಳೆ ಹಿಡಿದು, ತಿರುಗಿಸಿ ಒಳಗೆ ತಳ್ಳಬೇಕು. ಆರು ಸಾಕು. ನೇರವಾಗಿ ಚುಚ್ಚಿದರೆ ಹನ್ನೆರಡೂ ಸಾಲದು. ಅಮ್ಮ ಇದನ್ನು ಕನ್ನಡಿ ಇಲ್ಲದೆ ಮಾಡುತ್ತಾಳೆ, ನನಗೆ ಇನ್ನೂ ಬಂದಿಲ್ಲ.

ಕ್ಲಚ್ಚಿನ ಈಗಿನ ಸ್ಥಿತಿ: ಹಲ್ಲು ಒಂದೂ ಹೋಗಿಲ್ಲ, ಬಣ್ಣ ಅಂಚಿನಲ್ಲಿ ಮಾಸಿದೆ. ತಿಂಗಳಿಗೊಮ್ಮೆ ಸೋಪು ನೀರಿನಲ್ಲಿ ತೊಳೆಯುತ್ತೇನೆ. ಕಳೆದ ಮಳೆಗಾಲದಿಂದ ಸ್ಪ್ರಿಂಗ್ ಕಿರ್ ಅನ್ನುತ್ತಿತ್ತು, ಹೊಲಿಗೆ ಮಷೀನಿನ ಎಣ್ಣೆ ಒಂದು ತೊಟ್ಟು ಬಿಟ್ಟ ಮೇಲೆ ಸುಮ್ಮನಾಗಿದೆ. ಅಂಥದ್ದೇ ಇನ್ನೊಂದು ತರಲು ಹೋದರೆ ಈಗ 280 ಹೇಳುತ್ತಾರೆ. ಚೌಕಾಸಿ ಮಾಡಿದೆ, 260ಕ್ಕೆ ಬಂತು.