ನೆಲದ ಪ್ರವಾಹವೋ, ಅಗೆದು ತೆಗೆದ ಹರಳೋ: ಕಲ್ಪಿತ ಲೋಕದ ಶಕ್ತಿಮೂಲದ ಆಯ್ಕೆ

ಕಲ್ಪಿತ ಲೋಕ ಕಟ್ಟುವ ಕತೆಗಾರರು ಅಲ್ಲಿನ ನಿಗೂಢ ಶಕ್ತಿಯನ್ನು ಹೆಚ್ಚಾಗಿ ನೆಲದಡಿ ಹರಿಯುವ ಪ್ರವಾಹವಾಗಿ ಇಲ್ಲವೇ ಅಗೆದು ತೆಗೆಯುವ ಹರಳಾಗಿ ಕಲ್ಪಿಸುತ್ತಾರೆ.

ಪ್ರವಾಹವನ್ನು ಆರಿಸಿದರೆ ಶಕ್ತಿಯು ಸ್ಥಳಕ್ಕೆ ಬದ್ಧವಾಗುತ್ತದೆ. ಅದು ಮೇಲೆ ಚಿಮ್ಮುವ ಕಡೆ ಊರು, ಗುಡಿ, ಕೋಟೆಗಳು ಹುಟ್ಟುತ್ತವೆ. ಶಕ್ತಿಯ ಒಡೆತನವೆಂದರೆ ಭೂಮಿಯ ಒಡೆತನವೇ ಆಗುವುದರಿಂದ ಯುದ್ಧಗಳಿಗೆ ಬೇರೆ ಕಾರಣವನ್ನು ಹುಡುಕಬೇಕಾಗಿಲ್ಲ, ಪ್ರವಾಹವು ದಿಕ್ಕು ಬದಲಿಸಿದರಂತೂ ಇಡೀ ರಾಜ್ಯವೇ ಬಡವಾಗಬಹುದು. ಇಂಥ ಕಲ್ಪನೆಗೆ ಆಧಾರವಾದ ಲೇ ರೇಖೆಗಳನ್ನು, ಅಂದರೆ ಪ್ರಾಚೀನ ತಾಣಗಳನ್ನು ನೇರವಾಗಿ ಜೋಡಿಸುವ ಕಲ್ಪಿತ ಗೆರೆಗಳನ್ನು, 1921ರಲ್ಲಿ ಪ್ರತಿಪಾದಿಸಿದ ಇಂಗ್ಲೆಂಡಿನ ಹವ್ಯಾಸಿ ಪುರಾತತ್ತ್ವಜ್ಞ ಆಲ್‌ಫ್ರೆಡ್ ವಾಟ್ಕಿನ್ಸ್ ಅವುಗಳನ್ನು ಪ್ರಾಚೀನ ದಾರಿಗಳೆಂದಷ್ಟೇ ಭಾವಿಸಿದ್ದರು. ಅವುಗಳಿಗೆ ಶಕ್ತಿಯನ್ನು ಆರೋಪಿಸಿದ್ದು 1960ರ ದಶಕದ ಉತ್ಸಾಹಿಗಳು. ಈ ಆಯ್ಕೆಯ ದೊಡ್ಡ ತೊಡಕೆಂದರೆ, ನಾಯಕನು ಪ್ರವಾಹದಿಂದ ದೂರ ಹೋದೊಡನೆ ನಿಶ್ಶಕ್ತನಾಗುತ್ತಾನೆ.

ಹರಳನ್ನು ಜೇಬಿನಲ್ಲಿ ಇಟ್ಟುಕೊಳ್ಳಬಹುದು, ಕದಿಯಬಹುದು, ಕೂಡಿಡಬಹುದು. ಆದ್ದರಿಂದ ಗಣಿ, ವ್ಯಾಪಾರ, ಕಳ್ಳಸಾಗಣೆಗಳು ತಾವಾಗಿಯೇ ಕತೆಯೊಳಗೆ ಬರುತ್ತವೆ. ಕೆಲವು ಬಗೆಯ ಸ್ಫಟಿಕಗಳನ್ನು ಒತ್ತಿದಾಗ ವಿದ್ಯುದಾವೇಶ ಹುಟ್ಟುವುದನ್ನು ಫ್ರಾನ್ಸಿನ ವಿಜ್ಞಾನಿಗಳಾದ ಕ್ಯೂರಿ ಸಹೋದರರು 1880ರಲ್ಲೇ ತೋರಿಸಿದ್ದರಿಂದ ಹರಳಿನಲ್ಲಿ ಶಕ್ತಿಯಿದೆ ಎಂಬುದನ್ನು ಓದುಗರು ಸುಲಭವಾಗಿ ನಂಬುತ್ತಾರೆ. ಆದರೆ ಹರಳು ಎಷ್ಟು ಬಳಕೆಗೆ ಬರಿದಾಗುತ್ತದೆ ಎಂಬ ಲೆಕ್ಕವನ್ನು ಮೊದಲೇ ನಿಗದಿಪಡಿಸದಿದ್ದರೆ ಅದು ಪ್ರತಿ ಇಕ್ಕಟ್ಟಿನಿಂದಲೂ ನಾಯಕನನ್ನು ಪಾರುಮಾಡುವ ಅಗ್ಗದ ಉಪಾಯವಾಗಿಬಿಡುತ್ತದೆ.

ರಾಜ್ಯಗಳ ಏಳುಬೀಳನ್ನು ತಲೆಮಾರುಗಳ ಉದ್ದಕ್ಕೆ ಹೇಳುವವರು ಪ್ರವಾಹವನ್ನು ಆರಿಸುವುದೇ ಮೇಲು ಎಂಬುದು ನನ್ನ ಅಭಿಪ್ರಾಯ. ಊರಿಂದೂರಿಗೆ ಅಲೆಯುವ ಸಾಹಸಕಥೆಗೆ ಮಾತ್ರ ಹರಳೇ ಒಗ್ಗುತ್ತದೆ. ಎರಡನ್ನೂ ಬೆರೆಸಬಯಸುವವರು ಪ್ರವಾಹದ ಶಕ್ತಿಯನ್ನು ಹರಳಿಗೆ ತುಂಬುವಾಗ ಎಷ್ಟು ಭಾಗ ಸೋರಿಹೋಗುತ್ತದೆ ಎಂಬುದನ್ನು ಮೊದಲು ತೀರ್ಮಾನಿಸಬೇಕು.