ಒಂದೇ ತರಗತಿ, ನಾಲ್ಕು ಸಾಧನ: ಬಳಸಿ ನೋಡಿದ ಮೇಲೆ

ಗಣಿತ ಮತ್ತು ವಿಜ್ಞಾನವನ್ನು ಕಲಿಸುವ ನಾನು ಕಳೆದ ಎರಡು ಶೈಕ್ಷಣಿಕ ವರ್ಷಗಳಲ್ಲಿ ನಾಲ್ಕು ಬಗೆಯ ಸಾಧನಗಳನ್ನು ಒಂದೇ ಕೋಣೆಯಲ್ಲಿ ಬಳಸಿ ನೋಡಿದ್ದೇನೆ: ಬೆರಳಿನಿಂದ ಮುಟ್ಟಿ ಬರೆಯುವ ಸ್ಮಾರ್ಟ್ ಬೋರ್ಡ್, ಮಕ್ಕಳ ಕೈಗೆ ಕೊಡುವ ಟ್ಯಾಬ್, ಪ್ರೊಜೆಕ್ಟರ್‌ಗೆ ಜೋಡಿಸಿದ ಡಾಕ್ಯುಮೆಂಟ್ ಕ್ಯಾಮೆರಾ, ಮತ್ತು ಮಕ್ಕಳು ಎತ್ತಿ ಹಿಡಿಯುವ ಕಾಗದದ ಉತ್ತರ ಕಾರ್ಡು. ತರಗತಿಯಲ್ಲಿ 38 ಮಕ್ಕಳಿದ್ದರು, ಪೀರಿಯಡ್ 45 ನಿಮಿಷದ್ದು. ಯಾವ ಸಾಧನ ಹೆಚ್ಚು ಆಕರ್ಷಕ ಎಂಬುದನ್ನು ನಾನು ಲೆಕ್ಕಕ್ಕೆ ತೆಗೆದುಕೊಳ್ಳಲಿಲ್ಲ, ಏಕೆಂದರೆ ಹೊಸದು ಯಾವುದೇ ಆಗಲಿ, ಮೊದಲ ವಾರ ಆಕರ್ಷಕವಾಗಿಯೇ ಇರುತ್ತದೆ. ನಾನು ಗಮನಿಸಿದ್ದು ಮೂರು ಸಂಗತಿಗಳನ್ನು: ಗಂಟೆ ಹೊಡೆದ ಮೇಲೆ ಪಾಠ ನಿಜವಾಗಿ ಶುರುವಾಗಲು ಎಷ್ಟು ಹೊತ್ತು ಹಿಡಿಯಿತು, ಒಂದು ಪ್ರಶ್ನೆಗೆ ಎಷ್ಟು ಮಕ್ಕಳು ತಾವೇ ತಲೆ ಓಡಿಸಿದರು, ಮತ್ತು ಮಗು ಎಲ್ಲಿ ಎಡವಿದೆ ಎಂಬುದು ನನಗೆ ಎಷ್ಟು ಬೇಗ ತಿಳಿಯಿತು. ಈ ಮೂರರಲ್ಲಿ ಕೊನೆಯದೇ ನನಗೆ ಎಲ್ಲಕ್ಕಿಂತ ಮುಖ್ಯವಾಗಿತ್ತು, ಈಗಲೂ ಮುಖ್ಯವೇ.

ಸ್ಮಾರ್ಟ್ ಬೋರ್ಡಿನಿಂದ ಆರಂಭಿಸುತ್ತೇನೆ. ರೇಖಾಗಣಿತಕ್ಕೆ ಇದರಷ್ಟು ಒದಗುವ ಸಾಧನ ಇನ್ನೊಂದಿಲ್ಲವೆಂದು ನಾನು ಧೈರ್ಯವಾಗಿ ಹೇಳಬಲ್ಲೆ, ಆದರೆ ಅದರ ಶ್ರೇಯಸ್ಸಿನ ಬಹುಪಾಲು ಬೋರ್ಡಿಗಿಂತ ಅದರ ಮೇಲೆ ಓಡುವ ಜಿಯೋಜೀಬ್ರಾ ತಂತ್ರಾಂಶಕ್ಕೆ ಸಲ್ಲಬೇಕು. ಮಾರ್ಕುಸ್ ಹೋಹೆನ್‌ವಾರ್ಟರ್ ಅವರು 2001ರಲ್ಲಿ ಆಸ್ಟ್ರಿಯಾದ ಸಾಲ್ಜ್‌ಬರ್ಗ್ ವಿಶ್ವವಿದ್ಯಾಲಯದಲ್ಲಿ ಆರಂಭಿಸಿದ ಈ ತಂತ್ರಾಂಶದಲ್ಲಿ ತ್ರಿಭುಜದ ಒಂದು ಶೃಂಗವನ್ನು ಬೆರಳಿನಿಂದ ಎಳೆದರೆ ಮೂರು ಕೋನಗಳೂ ಕಣ್ಣೆದುರಿಗೇ ಬದಲಾಗುತ್ತವೆ, ಮೊತ್ತ ಮಾತ್ರ ಅಲ್ಲಾಡುವುದಿಲ್ಲ. ಕರಿಹಲಗೆಯ ಮೇಲೆ ಇದನ್ನು ತೋರಿಸಬೇಕಾದರೆ ಹತ್ತು ತ್ರಿಭುಜಗಳನ್ನು ಬರೆದು ಅಳೆಯಬೇಕು, ಅಷ್ಟರಲ್ಲಿ ಪೀರಿಯಡ್ ಮುಗಿದಿರುತ್ತದೆ.

ಒಂದು ದಿನ ನಾನು ಕೋನಗಳನ್ನು ಪೂರ್ಣಾಂಕದಲ್ಲಷ್ಟೇ ತೋರಿಸುವಂತೆ ಹೊಂದಿಸಿಟ್ಟಿದ್ದೆ. ಹಿಂದಿನ ಬೆಂಚಿನ ಒಬ್ಬ ಹುಡುಗಿ, ತೆರೆಯ ಮೇಲಿದ್ದ 61, 58, 62 ಎಂಬ ಮೂರು ಸಂಖ್ಯೆಗಳನ್ನು ಕೂಡಿ, “ಮೇಡಂ, 181 ಬರ್ತಿದೆ” ಎಂದಳು. ನಿಜವಾದ ಅಳತೆಗಳು 60.6, 57.7 ಮತ್ತು 61.7 ಡಿಗ್ರಿಗಳಾಗಿದ್ದವು, ಮೂರನ್ನೂ ಮೇಲಕ್ಕೆ ಅಂದಾಜಿಸಿದ್ದರಿಂದ ಒಂದು ಡಿಗ್ರಿ ಹೆಚ್ಚಾಗಿ ಕಂಡಿತ್ತು. ಆ ದಿನದ ಉಳಿದ ಪಾಠವೆಲ್ಲ ಅಂದಾಜಿಸುವಿಕೆಯ ಕಡೆಗೆ ಹೊರಳಿತು, ಅದಕ್ಕಾಗಿ ನನಗೆ ಸ್ವಲ್ಪವೂ ಬೇಸರವಿಲ್ಲ. ಯಂತ್ರ ತೋರಿಸಿದ್ದನ್ನು ಕೂಡಿ ನೋಡುವ ಅಭ್ಯಾಸ ಒಂದು ಮಗುವಿಗಾದರೂ ಇದೆ ಎಂದು ತಿಳಿದದ್ದೇ ದೊಡ್ಡ ಲಾಭ.

ಆದರೆ ಅದೇ ಪಾಠದಲ್ಲಿ ಬೋರ್ಡಿನ ಕೊರತೆಯೂ ಎದ್ದು ಕಂಡಿತು. ಶೃಂಗವನ್ನು ಎಳೆದದ್ದು ಒಂದು ಕೈ, ನೋಡುತ್ತ ಕುಳಿತದ್ದು 37 ಜನ. ಮಕ್ಕಳನ್ನು ಒಬ್ಬೊಬ್ಬರಾಗಿ ಬೋರ್ಡಿಗೆ ಕರೆದರೆ ಒಬ್ಬರಿಗೆ ಒಂದು ನಿಮಿಷವೆಂದರೂ ಪೀರಿಯಡ್ ಅದರಲ್ಲೇ ಕರಗುತ್ತದೆ. ಬೋರ್ಡು ನನ್ನ ವಿವರಣೆಯನ್ನು ಬಹಳ ಚೆನ್ನಾಗಿ ಮಕ್ಕಳಿಗೆ ಮುಟ್ಟಿಸುತ್ತದೆ. ಮಕ್ಕಳ ತಲೆಯಲ್ಲಿ ಏನು ನಡೆಯುತ್ತಿದೆ ಎಂಬುದನ್ನು ನನಗೆ ಮುಟ್ಟಿಸುವುದಿಲ್ಲ. ಬಳಕೆಯ ಸಣ್ಣ ತೊಡಕುಗಳೂ ಇವೆ. ನಮ್ಮ ಬೋರ್ಡು ಚೌಕಟ್ಟಿನಂಚಿನಲ್ಲಿ ಹಾಯುವ ಅವಕೆಂಪು ಕಿರಣಗಳಿಂದ ಸ್ಪರ್ಶವನ್ನು ಗುರುತಿಸುವ ಬಗೆಯದು, ಹಾಗಾಗಿ ಬರೆಯುವಾಗ ತೋಳಿನ ಬಟ್ಟೆ ತಗುಲಿದರೂ ಅದನ್ನು ಬೆರಳೆಂದೇ ತಿಳಿದು ಗೀಟು ಎಳೆಯುತ್ತದೆ. ಮಣಿಕಟ್ಟನ್ನು ಬೋರ್ಡಿನಿಂದ ದೂರವಿಟ್ಟು ಬರೆಯುವುದು ರೂಢಿಯಾಗಲು ನನಗೆ ಒಂದು ತಿಂಗಳು ಹಿಡಿಯಿತು.

ಟ್ಯಾಬ್‌ಗಳ ಮೇಲೆ ನನಗೆ ಇದ್ದ ನಿರೀಕ್ಷೆ ದೊಡ್ಡದು. ಬೋರ್ಡಿನ ಕೊರತೆಯನ್ನು ಅವು ನೀಗುತ್ತವೆ, ಪ್ರತಿ ಮಗುವಿನ ಬೆರಳೂ ಒಂದು ತ್ರಿಭುಜವನ್ನು ಎಳೆಯುತ್ತದೆ ಎಂದುಕೊಂಡಿದ್ದೆ. ಮೊದಲು ಎದುರಾದದ್ದು ಸಮಯದ ಸಮಸ್ಯೆ. ಹಂಚುವುದು, ಚಾರ್ಜ್ ಇಲ್ಲದವನ್ನು ಬದಲಿಸುವುದು, ಮರೆತ ಪಾಸ್‌ವರ್ಡ್‌ಗಳನ್ನು ಹುಡುಕಿ ಕೊಡುವುದು, ಕೊನೆಯಲ್ಲಿ ಎಣಿಸಿ ಕಪಾಟಿನಲ್ಲಿ ಇಡುವುದು, ಇಷ್ಟಕ್ಕೆ ಮೊದಮೊದಲು 15 ನಿಮಿಷಗಳು ಹೋಗುತ್ತಿದ್ದವು, ರೂಢಿಯಾದ ಮೇಲೂ ಏಳೆಂಟು ನಿಮಿಷಕ್ಕಿಂತ ಕಡಿಮೆಯಾಗಲಿಲ್ಲ. ಎರಡನೆಯದು ಇನ್ನೂ ಗಂಭೀರವಾದದ್ದು. ಅಭ್ಯಾಸದ ಆ್ಯಪ್‌ನಲ್ಲಿ ತಪ್ಪು ಉತ್ತರ ಒತ್ತಿದರೆ ಕೂಡಲೇ ಇನ್ನೊಂದು ಅವಕಾಶ ಸಿಗುತ್ತಿತ್ತು. ಒಬ್ಬ ಹುಡುಗ ನಾಲ್ಕು ಆಯ್ಕೆಗಳನ್ನೂ ಸರಸರನೆ ಒತ್ತುತ್ತ, ಹಸಿರು ಗುರುತು ಬಂದೊಡನೆ ಮುಂದಿನ ಲೆಕ್ಕಕ್ಕೆ ಹೋಗುವುದನ್ನು ನಾನು ಅವನ ಹಿಂದೆ ನಿಂತು ನೋಡಿದೆ. ಅವನ ನೋಟ್‌ಬುಕ್ಕು ಮುಚ್ಚಿಯೇ ಇತ್ತು. ಆ್ಯಪ್‌ನ ವರದಿಯಲ್ಲಿ ಮಾತ್ರ ಅವನು ಎಲ್ಲ ಲೆಕ್ಕಗಳನ್ನೂ ಮುಗಿಸಿದವರ ಪಟ್ಟಿಯಲ್ಲಿದ್ದ.

ಇದು ನನ್ನೊಬ್ಬಳ ಅನುಭವವಲ್ಲ ಎನ್ನುವುದಕ್ಕೆ ದೊಡ್ಡ ಪ್ರಮಾಣದ ಅಧ್ಯಯನಗಳೂ ಇವೆ. ಪೆರು ದೇಶದಲ್ಲಿ ಮಗುವಿಗೊಂದು ಲ್ಯಾಪ್‌ಟಾಪ್ ಕೊಡುವ ಯೋಜನೆಯನ್ನು ಇಂಟರ್-ಅಮೆರಿಕನ್ ಅಭಿವೃದ್ಧಿ ಬ್ಯಾಂಕಿನ ಸಂಶೋಧಕರು 319 ಗ್ರಾಮೀಣ ಶಾಲೆಗಳಲ್ಲಿ ಪರಿಶೀಲಿಸಿ 2012ರಲ್ಲಿ ಪ್ರಕಟಿಸಿದ ವರದಿಯ ಪ್ರಕಾರ ಗಣಿತದಲ್ಲಾಗಲಿ ಭಾಷೆಯಲ್ಲಾಗಲಿ ಕಲಿಕೆ ಹೆಚ್ಚಿದ ಕುರುಹು ಸಿಗಲಿಲ್ಲ. ಶಾಲೆಗಳ ಗಣಕೀಕರಣಕ್ಕೆ ಬಹಳ ಹಣ ಹೂಡಿದ ದೇಶಗಳ ಮಕ್ಕಳು ಓದು, ಗಣಿತ, ವಿಜ್ಞಾನಗಳಲ್ಲಿ ಗಮನಾರ್ಹವಾಗಿ ಮುಂದೆ ಬಂದಿಲ್ಲವೆಂದು, ಹೆಚ್ಚಾಗಿ ಮುಂದುವರಿದ ದೇಶಗಳ ಆರ್ಥಿಕ ಸಹಕಾರ ಸಂಘಟನೆಯಾದ ಒಇಸಿಡಿಯ 2015ರ ವರದಿಯೂ ಹೇಳಿತು. ಹಾಗೆಂದು ಟ್ಯಾಬ್‌ಗಳನ್ನು ಕಪಾಟಿನಲ್ಲೇ ಬಿಡುವುದು ಸರಿಯಲ್ಲ. ಇಬ್ಬರಿಗೆ ಒಂದರಂತೆ ಕೊಟ್ಟಾಗ ಅವು ಒಬ್ಬರಿಗೆ ಒಂದಿದ್ದಾಗಿಗಿಂತ ಚೆನ್ನಾಗಿ ಕೆಲಸ ಮಾಡಿದವು, ಏಕೆಂದರೆ ಒತ್ತುವ ಮೊದಲು ಇಬ್ಬರೂ ಮಾತನಾಡಲೇಬೇಕಾಗುತ್ತಿತ್ತು. ವಿದ್ಯುತ್ ಪಾಠದಲ್ಲಿ ಅವು ಮಾಡಿದ ಸಹಾಯವನ್ನು ಮುಂದೆ ಹೇಳುತ್ತೇನೆ.

ಡಾಕ್ಯುಮೆಂಟ್ ಕ್ಯಾಮೆರಾ ನೋಡಲು ಬಡಪಾಯಿ ಸಾಧನ. ಬಾಗಿದ ಕಂಬದ ತುದಿಯಲ್ಲಿ ಕೆಳಮುಖವಾಗಿರುವ ಒಂದು ಕ್ಯಾಮೆರಾ, ಅದರ ಕೆಳಗಿಟ್ಟದ್ದು ಪ್ರೊಜೆಕ್ಟರ್ ಮೂಲಕ ಗೋಡೆಯ ಮೇಲೆ ದೊಡ್ಡದಾಗಿ ಕಾಣುತ್ತದೆ, ಅಷ್ಟೆ. ಅದು ಇಲ್ಲದಿದ್ದಾಗ ಪುಸ್ತಕಗಳ ರಾಶಿಯ ಅಂಚಿನಲ್ಲಿ ಮೊಬೈಲನ್ನು ಮಲಗಿಸಿ ಪ್ರೊಜೆಕ್ಟರ್‌ಗೆ ಕೇಬಲ್ ಹಾಕಿಯೂ ಕೆಲಸ ನಡೆಸಿದ್ದೇನೆ. ಗಂಟೆ ಹೊಡೆದ ಒಂದು ನಿಮಿಷದೊಳಗೆ ಪಾಠ ಶುರುವಾಗುತ್ತಿದ್ದದ್ದು ಇದೊಂದರಲ್ಲಿಯೇ.

ಭಿನ್ನರಾಶಿಗಳ ಸಂಕಲನದ ಪಾಠವನ್ನು ಉದಾಹರಣೆಗೆ ತೆಗೆದುಕೊಳ್ಳುತ್ತೇನೆ. 1/2 ಕ್ಕೆ 1/3 ಕೂಡಿ ಎಂದಾಗ ಅಂಶಕ್ಕೆ ಅಂಶ, ಛೇದಕ್ಕೆ ಛೇದ ಕೂಡಿ 2/5 ಎಂದು ಬರೆಯುವ ಮಕ್ಕಳು ಪ್ರತಿ ವರ್ಷವೂ ಇರುತ್ತಾರೆ. ಟ್ಯಾಬ್‌ನಲ್ಲಿ ಇದು ಬರಿಯ ಕೆಂಪು ಗುರುತಾಗಿ ಮುಗಿಯುತ್ತಿತ್ತು. ಕ್ಯಾಮೆರಾದ ಕೆಳಗೆ ಒಂದು ಮಗುವಿನ ಪುಟವನ್ನು, ಹೆಸರಿನ ಮೇಲೆ ಚೀಟಿ ಮುಚ್ಚಿ, ಇಟ್ಟೆ. ಪುಟದಲ್ಲಿ ಉತ್ತರವಷ್ಟೇ ಇರಲಿಲ್ಲ. ಮೊದಲು 6 ಎಂದು ಬರೆದು, ರಬ್ಬರಿನಿಂದ ಅಳಿಸಿ, ಅದರ ಮೇಲೆ 5 ಬರೆದಿದ್ದರ ಮಸುಕು ಕಲೆಯೂ ದೊಡ್ಡದಾಗಿ ಗೋಡೆಯ ಮೇಲೆ ಕಂಡಿತು. ಮಗು ಸರಿಯಾದ ದಾರಿಯ ಹತ್ತಿರ ಹೋಗಿ ಹಿಂದಿರುಗಿತ್ತು! ಅಳಿಸಿದ ಗುರುತನ್ನು ನನಗೆ ತೋರಿಸಿದ ಸಾಧನ ಈ ನಾಲ್ಕರಲ್ಲಿ ಇದೊಂದೇ.

ಆಮೇಲೆ 12 ಸೆಂಟಿಮೀಟರ್ ಉದ್ದದ ಕಾಗದದ ಪಟ್ಟಿಯೊಂದನ್ನು ಅದೇ ಪುಟದ ಮೇಲಿಟ್ಟು, ಅರ್ಧವೆಂದರೆ 6 ಸೆಂಟಿಮೀಟರ್, ಮೂರನೆಯ ಒಂದು ಭಾಗವೆಂದರೆ 4 ಸೆಂಟಿಮೀಟರ್ ಎಂದು ಮಡಚಿ ತೋರಿಸಿದೆ. ಎರಡೂ ಸೇರಿ 10 ಸೆಂಟಿಮೀಟರ್ ಆಗಬೇಕು. 2/5 ಎಂದರೆ 4.8 ಸೆಂಟಿಮೀಟರ್, ಅಂದರೆ ಅರ್ಧಕ್ಕಿಂತಲೂ ಕಡಿಮೆ. ಕೂಡಿದ ಮೇಲೆ ಮೊದಲಿದ್ದದ್ದಕ್ಕಿಂತ ಚಿಕ್ಕದಾಗುವುದು ಹೇಗೆ ಎಂಬ ಪ್ರಶ್ನೆಯನ್ನು ನಾನು ಕೇಳುವ ಮೊದಲೇ ಮಕ್ಕಳು ಕೇಳಿದರು. 10/12, ಅಂದರೆ 5/6, ಎಂಬಲ್ಲಿಗೆ ಅವರಾಗಿಯೇ ಬಂದರು. ಕಾಗದದ ಪಟ್ಟಿ ಹಳೆಯ ಉಪಾಯ, ನಿಜ. ಆದರೆ ಕೊನೆಯ ಬೆಂಚಿಗೂ ಅದರ ಮಡಿಕೆಯ ಗೆರೆ ಕಾಣುವಂತೆ ಮಾಡಿದ್ದು ಕ್ಯಾಮೆರಾ.

ಇದನ್ನು ಬಳಸುವವರು ಎರಡು ಎಚ್ಚರಿಕೆಗಳನ್ನು ವಹಿಸಬೇಕು. ತಪ್ಪಿರುವ ಪುಟವನ್ನು ಎಲ್ಲರ ಮುಂದೆ ಇಡುವುದು ಮಗುವಿನ ಮನಸ್ಸಿಗೆ ಸಂಬಂಧಿಸಿದ ವಿಷಯ. ಮೊದಲ ಎರಡು ವಾರ ನಾನು ಬೇಕೆಂದೇ ತಪ್ಪು ಮಾಡಿದ ನನ್ನ ಪುಟಗಳನ್ನೇ ಇಟ್ಟೆ, ಆನಂತರ ಮಗುವನ್ನು ಮೊದಲೇ ಕೇಳಿಕೊಂಡು ಅದರ ಪುಟ ಇಟ್ಟೆ. ಬೇಡವೆಂದ ಮಗುವನ್ನು ಎಂದೂ ಒತ್ತಾಯಿಸಲಿಲ್ಲ. ಇನ್ನೊಂದು ತಾಂತ್ರಿಕವಾದದ್ದು: ತೆಳುವಾಗಿ ಬರೆದ ಪೆನ್ಸಿಲ್ ಅಕ್ಷರಗಳು ನುಣುಪು ಕಾಗದದ ಮೇಲೆ ಬೆಳಕಿಗೆ ಹೊಳೆದು ಮಾಯವಾಗುತ್ತವೆ, ಕೈ ಅಲ್ಲಾಡಿಸಿದಾಗಲೆಲ್ಲ ಕ್ಯಾಮೆರಾ ಫೋಕಸ್‌ಗಾಗಿ ತಡಕಾಡುತ್ತದೆ. ಫೋಕಸನ್ನು ಒಮ್ಮೆ ಹೊಂದಿಸಿ ಸ್ಥಿರಗೊಳಿಸುವ ಗುಂಡಿ ಇರುವ ಕ್ಯಾಮೆರಾವನ್ನೇ ಆರಿಸಿಕೊಳ್ಳುವುದು ಒಳ್ಳೆಯದು.

ಕ್ಯಾಮೆರಾ ಒಂದು ಮಗುವಿನ ಆಲೋಚನೆಯನ್ನು ಆಳವಾಗಿ ತೋರಿಸಿದರೆ, ಪ್ಲಿಕರ್ಸ್ ಎಂಬ ಉತ್ತರ ಕಾರ್ಡುಗಳು 38 ಮಕ್ಕಳ ಆಲೋಚನೆಯನ್ನು ಒಮ್ಮೆಗೇ ಮೇಲ್ಮೈಯಲ್ಲಿ ತೋರಿಸುತ್ತವೆ. ಪ್ರತಿ ಮಗುವಿಗೂ ಕಪ್ಪು ಬಿಳುಪಿನ ಗುರುತಿರುವ ಒಂದು ಕಾಗದದ ಕಾರ್ಡು. ಅದರ ನಾಲ್ಕು ಬದಿಗಳಲ್ಲಿ ನಾಲ್ಕು ಅಕ್ಷರಗಳು ಚಿಕ್ಕದಾಗಿ ಅಚ್ಚಾಗಿರುತ್ತವೆ. ತನ್ನ ಉತ್ತರದ ಬದಿಯನ್ನು ಮೇಲಕ್ಕೆ ತಿರುಗಿಸಿ ಮಗು ಕಾರ್ಡು ಎತ್ತಿದರೆ, ಶಿಕ್ಷಕರ ಮೊಬೈಲ್ ಕ್ಯಾಮೆರಾ ಕೋಣೆಯನ್ನು ಒಮ್ಮೆ ಸುತ್ತಿ ಯಾರು ಏನು ಹೇಳಿದರೆಂದು ಗುರುತಿಸಿಕೊಳ್ಳುತ್ತದೆ. ಪಕ್ಕದವರ ಕಾರ್ಡು ನೋಡಿ ಉತ್ತರ ತಿಳಿಯುವುದು ಸುಲಭವಲ್ಲ, ಏಕೆಂದರೆ ಒಬ್ಬೊಬ್ಬರ ಕಾರ್ಡಿನ ಗುರುತೂ ಬೇರೆ.

0.35 ಮತ್ತು 0.8 ಇವುಗಳಲ್ಲಿ ದೊಡ್ಡದು ಯಾವುದು ಎಂದು ಕೇಳಿದ ದಿನ ನನಗೆ ಆಘಾತವೇ ಆಯಿತು. ಕೈ ಎತ್ತಿಸಿ ಕೇಳಿದಾಗ ಮುಂದಿನ ಸಾಲಿನ ನಾಲ್ಕು ಮಕ್ಕಳು ಸರಿಯಾಗಿ ಹೇಳಿದ್ದರು, ಪಾಠ ಅರ್ಥವಾಗಿದೆ ಎಂದು ನಾನು ಮುಂದೆ ಹೋಗುವವಳಿದ್ದೆ. ಕಾರ್ಡುಗಳಲ್ಲಿ ನೋಡಿದರೆ ತರಗತಿಯ ಸುಮಾರು ಅರ್ಧದಷ್ಟು ಮಕ್ಕಳು, 35 ಎಂಬುದು 8ಕ್ಕಿಂತ ದೊಡ್ಡದಲ್ಲವೇ ಎಂಬ ನಂಬಿಕೆಯಿಂದ, 0.35ನ್ನು ಆರಿಸಿದ್ದರು. ಹೀಗೆ ತರಗತಿ ಇಬ್ಭಾಗವಾದಾಗ ಏನು ಮಾಡಬೇಕೆಂಬುದಕ್ಕೆ ಹಾರ್ವರ್ಡ್‌ನ ಭೌತವಿಜ್ಞಾನಿ ಎರಿಕ್ ಮಜೂರ್ 1990ರ ದಶಕದಿಂದ ಬಳಕೆಗೆ ತಂದ ಕ್ರಮವೊಂದಿದೆ: ಉತ್ತರ ಹೇಳಬಾರದು, ಬೇರೆ ಉತ್ತರ ಕೊಟ್ಟವರೊಡನೆ ಮಕ್ಕಳೇ ವಾದಿಸಬೇಕು, ಆಮೇಲೆ ಮತ್ತೊಮ್ಮೆ ಕಾರ್ಡು ಎತ್ತಬೇಕು. ಮೂರು ನಿಮಿಷದ ವಾದದ ನಂತರ ಬಹುತೇಕ ಎಲ್ಲರೂ 0.8ರ ಕಡೆಗೆ ಬಂದರು. ಹಾಗೆ ಬಾರದ ಐದು ಮಕ್ಕಳು ಯಾರೆಂಬುದೂ ನನಗೆ ತಿಳಿಯಿತು.

ಇದೇ ಕೆಲಸಕ್ಕೆ ಕಹೂಟ್ ಎಂಬ ರಸಪ್ರಶ್ನೆ ಆಟವನ್ನೂ ಟ್ಯಾಬ್‌ಗಳಲ್ಲಿ ಹಲವು ಬಾರಿ ಆಡಿಸಿದೆ. ಮಕ್ಕಳಿಗೆ ಅದು ಬಹಳ ಇಷ್ಟ. ಬೇಗ ಒತ್ತಿದವರಿಗೆ ಹೆಚ್ಚು ಅಂಕ ಎಂಬ ಅದರ ರೂಢಿಯ ನಿಯಮದಿಂದ ನಿಧಾನವಾಗಿ ಯೋಚಿಸುವ ಮಕ್ಕಳು ಮೂರನೆಯ ಪ್ರಶ್ನೆಗೇ ಸೋತವರಂತೆ ಕೂರುತ್ತಿದ್ದರು. ಘಟಕ ಮುಗಿದ ಮೇಲಿನ ಪುನರಾವರ್ತನೆಗೆ ಅದು ಸರಿ. ಹೊಸದನ್ನು ಕಲಿಯುತ್ತಿರುವಾಗ ಕಾರ್ಡುಗಳೇ ಮೇಲು ಎಂಬುದು ನನ್ನ ಖಚಿತ ಅಭಿಪ್ರಾಯ.

ಕಾರ್ಡು, ಟ್ಯಾಬ್, ಕ್ಯಾಮೆರಾ ಮೂರೂ ಒಂದೇ ಪಾಠದಲ್ಲಿ ಎದುರುಬದುರಾದದ್ದು ವಿದ್ಯುತ್ ಮಂಡಲದ ಘಟಕದಲ್ಲಿ. ಎರಡು ಬಲ್ಬುಗಳನ್ನು ಸರಣಿಯಲ್ಲಿ ಜೋಡಿಸಿದರೆ ಮೊದಲನೆಯದು ಹೆಚ್ಚು ಬೆಳಗುತ್ತದೆ, ಏಕೆಂದರೆ ಅದು ವಿದ್ಯುತ್ತನ್ನು ಸ್ವಲ್ಪ ಬಳಸಿಕೊಂಡು ಉಳಿದದ್ದನ್ನು ಮುಂದಕ್ಕೆ ಕಳುಹಿಸುತ್ತದೆ ಎಂದು ಮಕ್ಕಳು ನಂಬುತ್ತಾರೆ. ಕಾರ್ಡುಗಳಲ್ಲಿ ಈ ನಂಬಿಕೆ ನಿಚ್ಚಳವಾಗಿ ಕಂಡಿತು. ಮೊದಲ ವರ್ಷ ನಾನು ಇದನ್ನು ತಿದ್ದಲು ನೇರವಾಗಿ ಟ್ಯಾಬ್‌ಗಳಲ್ಲಿ ಫೆಟ್ ಅನುಕರಣೆಯನ್ನು, ಅಂದರೆ ಪ್ರಯೋಗವನ್ನು ತೆರೆಯ ಮೇಲೆಯೇ ಮಾಡಿ ನೋಡುವ ತಂತ್ರಾಂಶವನ್ನು, ತೆರೆಸಿದೆ. ನೊಬೆಲ್ ಪುರಸ್ಕೃತ ಭೌತವಿಜ್ಞಾನಿ ಕಾರ್ಲ್ ವೀಮನ್ 2002ರಲ್ಲಿ ಕೊಲೊರಾಡೊ ವಿಶ್ವವಿದ್ಯಾಲಯದಲ್ಲಿ ಆರಂಭಿಸಿದ ಈ ಯೋಜನೆಯ ಅನುಕರಣೆಗಳು ಉಚಿತವಾಗಿ ದೊರೆಯುತ್ತವೆ, ಒಮ್ಮೆ ಇಳಿಸಿಕೊಂಡರೆ ಇಂಟರ್ನೆಟ್ ಇಲ್ಲದೆಯೂ ನಡೆಯುತ್ತವೆ. ತೆರೆಯ ಮೇಲೆ ಎರಡು ಬಲ್ಬುಗಳೂ ಸಮನಾಗಿ ಬೆಳಗಿದವು. ಒಬ್ಬ ಹುಡುಗ ತಣ್ಣಗೆ ಹೇಳಿದ: “ಅದರಲ್ಲಿ ಹಾಗೆ ಮಾಡಿಟ್ಟಿದ್ದಾರೆ, ಮೇಡಂ.” ಅವನ ಆಕ್ಷೇಪಣೆ ನ್ಯಾಯವಾದದ್ದಾಗಿತ್ತು.

ಎರಡನೆಯ ವರ್ಷ ಕ್ರಮ ಬದಲಿಸಿದೆ. ಮೊದಲು ನಿಜವಾದ ಟಾರ್ಚ್ ಬಲ್ಬುಗಳು, ತಂತಿ, ಶುಷ್ಕಕೋಶ. ಒಂದೇ ಅಳತೆಯವೆಂದು ನಮೂದಾಗಿದ್ದ ಎರಡು ಬಲ್ಬುಗಳಲ್ಲಿ ಮೊದಲನೆಯದು ತುಸು ಹೆಚ್ಚು ಬೆಳಗಿತು, ಮಕ್ಕಳು ಗೆದ್ದೆವೆಂದು ಕೂಗಿದರು. ಬಲ್ಬುಗಳ ಜಾಗ ಅದಲುಬದಲು ಮಾಡಲು ಹೇಳಿದೆ. ಹೆಚ್ಚು ಬೆಳಗುತ್ತಿದ್ದ ಬಲ್ಬು ಎರಡನೆಯ ಜಾಗಕ್ಕೆ ಹೋದರೂ ಹಾಗೆಯೇ ಹೆಚ್ಚು ಬೆಳಗಿತು. ಕ್ಯಾಮೆರಾದ ಕೆಳಗೆ ಇದು ಎಲ್ಲರಿಗೂ ಕಂಡಾಗ ಕೋಣೆ ಒಂದು ಕ್ಷಣ ಸ್ತಬ್ಧವಾಯಿತು. ವ್ಯತ್ಯಾಸ ಇರುವುದು ಬಲ್ಬಿನಲ್ಲಿ, ಸ್ಥಾನದಲ್ಲಿ ಅಲ್ಲ ಎಂದು ಅವರೇ ಹೇಳಿದರು. ಆಮೇಲೆ ಇಬ್ಬರಿಗೊಂದು ಟ್ಯಾಬ್ ಕೊಟ್ಟೆ. ನಿಜವಾದ ತಂತಿಯಲ್ಲಿ ಎಂದೂ ಕಾಣದ ಎಲೆಕ್ಟ್ರಾನ್‌ಗಳು ಅನುಕರಣೆಯಲ್ಲಿ ಮಂಡಲದುದ್ದಕ್ಕೂ ಒಂದೇ ವೇಗದಲ್ಲಿ ಸಾಗುವುದನ್ನು ಈ ಬಾರಿ ಯಾರೂ ಅನುಮಾನಿಸಲಿಲ್ಲ. ಒಂದು ವಾರ ಬಿಟ್ಟು ಅದೇ ಪ್ರಶ್ನೆಯನ್ನು ಕಾರ್ಡುಗಳಲ್ಲಿ ಮತ್ತೆ ಕೇಳಿದಾಗ ಹಳೆಯ ಉತ್ತರಕ್ಕೆ ಮರಳಿದವರು ಮೊದಲ ವರ್ಷಕ್ಕಿಂತ ಬಹಳ ಕಡಿಮೆ ಇದ್ದರು.

ಆದ್ದರಿಂದ ಯಾರಾದರೂ ಒಂದೇ ಒಂದನ್ನು ಆರಿಸಿಕೊಳ್ಳಬೇಕೆಂದರೆ ನಾನು ಡಾಕ್ಯುಮೆಂಟ್ ಕ್ಯಾಮೆರಾವನ್ನೂ, ಎರಡನ್ನು ಆರಿಸಬಹುದಾದರೆ ಅದರ ಜೊತೆಗೆ ಕಾರ್ಡುಗಳನ್ನೂ ಹೇಳುತ್ತೇನೆ. ಟ್ಯಾಬ್‌ಗಳಿಗೆ ಮೂರನೆಯ ಸ್ಥಾನ, ಅದೂ ಇಬ್ಬರಿಗೊಂದು ಎಂಬ ಷರತ್ತಿನೊಂದಿಗೆ. ರೇಖಾಗಣಿತದ ಘಟಕಗಳನ್ನು ಬಿಟ್ಟರೆ ಸ್ಮಾರ್ಟ್ ಬೋರ್ಡಿಗೆ ಕೊನೆಯ ಸ್ಥಾನ. ಒಂದು ವಿಷಯದಲ್ಲಿ ಮಾತ್ರ ನನ್ನ ತೀರ್ಮಾನ ಇನ್ನೂ ಬಾಕಿ ಇದೆ. ಬೀಜಗಣಿತದಲ್ಲಿ ಆವರಣ ಬಿಡಿಸುವಾಗ ಋಣ ಚಿಹ್ನೆಯನ್ನು ಮಕ್ಕಳು ಯಾವ ಹೆಜ್ಜೆಯಲ್ಲಿ ಕಳೆದುಕೊಳ್ಳುತ್ತಾರೆ ಎಂಬುದು ಕಾರ್ಡುಗಳಲ್ಲಿ ಕಾಣುವುದಿಲ್ಲ, ಕ್ಯಾಮೆರಾದಲ್ಲಿ ಒಮ್ಮೆಗೆ ಒಬ್ಬರದ್ದೇ ಕಾಣುತ್ತದೆ. ಟ್ಯಾಬ್‌ನ ಮೇಲೆ ಲೇಖನಿಯಿಂದ ಬರೆಸಿ, ಎಲ್ಲರ ಹೆಜ್ಜೆಗಳನ್ನೂ ಒಟ್ಟಿಗೆ ನೋಡುವ ಪ್ರಯೋಗವನ್ನು ಮುಂದಿನ ಘಟಕದಲ್ಲಿ ಮಾಡಲಿದ್ದೇನೆ. ಅಳಿಸಿದ ಹೆಜ್ಜೆಯೂ ಅದರಲ್ಲಿ ಉಳಿಯುವುದಾದರೆ ಟ್ಯಾಬ್‌ನ ಸ್ಥಾನವನ್ನು ಮರುಪರಿಶೀಲಿಸಬೇಕಾಗುತ್ತದೆ.