ಫರ್ನ್ ಕುಂಡಕ್ಕೆ ತೇವಾಂಶ ಮೀಟರ್: ಎಷ್ಟು ನಂಬಬಹುದು?

ಬ್ಯಾಟರಿ ಬೇಡದ, ಮಣ್ಣಿಗೆ ಚುಚ್ಚಿದರೆ 1ರಿಂದ 10ರವರೆಗೆ ಮುಳ್ಳು ತೋರಿಸುವ ತೇವಾಂಶ ಮೀಟರ್ ಹೂದೋಟದ ಮಣ್ಣಿನಲ್ಲಿ ತಕ್ಕಮಟ್ಟಿಗೆ ಕೆಲಸಕ್ಕೆ ಬರುತ್ತದೆ. ಆದರೆ ಒಣಗುತ್ತಿರುವ ಫರ್ನ್ ಉಳಿಸಲೆಂದೇ ಇದನ್ನು ಕೊಳ್ಳುವವರು ಒಮ್ಮೆ ಯೋಚಿಸಬೇಕು. ಫರ್ನ್ ಕುಂಡದಲ್ಲಿ ಇದು ಎರಡೂ ದಿಕ್ಕಿಗೆ ತಪ್ಪು ಹೇಳುತ್ತದೆ.

ಕಾರಣ ಅದರ ರಚನೆಯಲ್ಲೇ ಇದೆ. ಈ ಮೀಟರ್ ನೀರನ್ನು ನೇರವಾಗಿ ಅಳೆಯುವುದಿಲ್ಲ. ಕಡ್ಡಿಯಲ್ಲಿರುವ ಎರಡು ಬೇರೆ ಬೇರೆ ಲೋಹಗಳ ನಡುವೆ ಒದ್ದೆ ಮಣ್ಣಿನಿಂದಾಗಿ ಹುಟ್ಟುವ ಅತಿ ಸಣ್ಣ ವಿದ್ಯುತ್ತನ್ನು ತೋರಿಸುತ್ತದೆ. ಮಣ್ಣಿನಲ್ಲಿ ಲವಣ ಎಷ್ಟು ಕರಗಿದೆ, ಕಡ್ಡಿಗೆ ಮಣ್ಣು ಎಷ್ಟು ಬಿಗಿಯಾಗಿ ತಾಗಿದೆ ಎಂಬುದರ ಮೇಲೂ ಮುಳ್ಳು ಏರಿಳಿಯುತ್ತದೆ. ಪರೀಕ್ಷೆ ಸುಲಭ: ಒಂದು ಲೋಟ ಡಿಸ್ಟಿಲ್ಡ್ ನೀರಿನಲ್ಲಿ ಕಡ್ಡಿ ಅದ್ದಿ ಮುಳ್ಳು ನೋಡಿ, ಆಮೇಲೆ ಚಿಟಿಕೆ ಉಪ್ಪು ಕದಡಿ ಮತ್ತೆ ನೋಡಿ. ನೀರು ಒಂದು ಹನಿಯೂ ಹೆಚ್ಚಾಗಿರುವುದಿಲ್ಲ, ಮುಳ್ಳು ಮಾತ್ರ ಮೇಲೇರಿರುತ್ತದೆ.

ಕೋಕೋಪೀಟ್ (ತೆಂಗಿನ ನಾರಿನ ಪುಡಿ), ಪರ್ಲೈಟ್ (ಹಗುರವಾದ ಬಿಳಿ ಖನಿಜದ ಹರಳು), ತೊಗಟೆ ಚೂರು ಬೆರೆಸಿದ ಸಡಿಲ ಮಿಶ್ರಣದಲ್ಲಿ ಕಡ್ಡಿಯ ಸುತ್ತ ಗಾಳಿಯ ಸಂದು ಉಳಿಯುತ್ತದೆ. ಮಿಶ್ರಣ ಒದ್ದೆಯಾಗಿದ್ದರೂ ಮೀಟರ್ 2 ಅಥವಾ 3 ತೋರಿಸಬಹುದು. ಅದನ್ನು ನಂಬಿ ನೀರು ಸುರಿದರೆ ಬೇರು ಕೊಳೆಯುತ್ತದೆ. ಗಡಸು ನೀರು ಮತ್ತು ಗೊಬ್ಬರದ ಲವಣ ಕೂಡಿಕೊಂಡ ಹಳೆಯ ಕುಂಡದಲ್ಲಿ ಇದಕ್ಕೆ ತಿರುಗುಮುರುಗು: ಮಣ್ಣು ಆರುತ್ತಿದ್ದರೂ ಮುಳ್ಳು ‘ಒದ್ದೆ’ ಎನ್ನುತ್ತದೆ, ಬಾಸ್ಟನ್ ಫರ್ನ್ ಕಿರುಎಲೆಗಳನ್ನು ಉದುರಿಸಲು ಶುರುಮಾಡುತ್ತದೆ.

ಇದಕ್ಕಿಂತ ಅಡುಗೆಮನೆಯ ತೂಕದ ಯಂತ್ರ ಎಷ್ಟೋ ಮೇಲು. ಕುಂಡಕ್ಕೆ ಚೆನ್ನಾಗಿ ನೀರು ಹಾಕಿ, ಅರ್ಧ ಗಂಟೆ ಸೋರಲು ಬಿಟ್ಟು ತೂಗಿ ಬರೆದಿಡಿ. ಮೇಲಿನ 1 ಸೆಂ.ಮೀ. ಮಣ್ಣು ಬೆರಳಿಗೆ ಒಣಗಿದಂತೆ ತಾಗಿದಾಗ ಮತ್ತೆ ತೂಗಿ. ಮೊದಲ ತೂಕ 1,900 ಗ್ರಾಂ, ಎರಡನೆಯದು 1,500 ಎಂದಿಟ್ಟುಕೊಳ್ಳಿ. ಮುಂದೆ 1,500ಕ್ಕೆ ಇಳಿದಾಗಲೆಲ್ಲ ನೀರು. ಮೇಡನ್‌ಹೇರ್ ಎಂಬ ನಾಜೂಕು ಫರ್ನ್ ಅಷ್ಟು ಒಣಗುವುದನ್ನೂ ಸಹಿಸದು, ಅದಕ್ಕೆ 1,650ರ ಹೊತ್ತಿಗೇ ಹಾಕಿ. ಗಿಡ ಬೆಳೆದಂತೆ ಹೊಸದಾಗಿ ತೂಗಿಕೊಳ್ಳಬೇಕು.

ಎಲೆ ಒಣಗಲು ಕಾರಣ ನೀರೊಂದೇ ಅಲ್ಲ, ಅದನ್ನು ಯಾವ ಮೀಟರೂ ಹೇಳುವುದಿಲ್ಲ. ತುದಿ ಮಾತ್ರ ಕಂದಾಗಿ ಗರಿಯ ಉಳಿದ ಭಾಗ ಹಸಿರಾಗಿದ್ದರೆ ಒಣ ಗಾಳಿಯನ್ನೋ ಲವಣವನ್ನೋ ಶಂಕಿಸಿ. ಗಾಳಿಯ ತೇವ ಶೇ 40ಕ್ಕಿಂತ ಕೆಳಗಿದ್ದರೆ ಹೆಚ್ಚಿನ ಫರ್ನ್‌ಗಳು ಸೊರಗುತ್ತವೆ. ಎಲೆಗೆ ನೀರು ಚಿಮುಕಿಸಿದರೆ ತೇವ ಏರುವುದು ಕೆಲವೇ ನಿಮಿಷ. ಕುಂಡದ ಅಂಚಿನಲ್ಲಿ ಬಿಳಿ ಪದರ ಕಂಡರೆ ಅದು ಲವಣ. ಕುಂಡದ ಗಾತ್ರದ ಮೂರು ಪಟ್ಟು ಮಳೆನೀರನ್ನು ನಿಧಾನವಾಗಿ ಸುರಿದು ಕೆಳಗಿನಿಂದ ಹರಿದುಹೋಗಲು ಬಿಡಿ.

ಗರಿ ಪೂರ್ತಿ ಹಳದಿಯಾಗಿ ಮಣ್ಣು ಒದ್ದೆಯಾಗಿದ್ದರೆ ಕುಂಡದಿಂದ ಬಿಡಿಸಿ ಬೇರು ನೋಡಲೇಬೇಕು. ಇಲ್ಲಿ ಬಣ್ಣ ನೋಡಿ ಕತ್ತರಿಸಲು ಹೋಗಬೇಡಿ: ಫರ್ನ್‌ನ ಆರೋಗ್ಯವಂತ ಬೇರೂ ಕಂದು, ಕೆಲವೊಮ್ಮೆ ಕಪ್ಪು. ಎರಡು ಬೆರಳಲ್ಲಿ ಹಿಡಿದು ಎಳೆಯಿರಿ. ತಂತಿಯಂತೆ ಗಟ್ಟಿಯಾಗಿದ್ದರೆ ಜೀವವಿದೆ. ಮೆತ್ತಗಾಗಿ ಸಿಪ್ಪೆ ಜಾರಿ ಒಳಗಿನ ನಾರು ಉಳಿದರೆ ಕೊಳೆತಿದೆ, ಅಷ್ಟನ್ನು ತೆಗೆದು ಹೊಸ ಮಿಶ್ರಣಕ್ಕೆ ಬದಲಿಸಿ. ಎರಡು ಪಾಲು ಕೋಕೋಪೀಟ್, ಒಂದು ಪಾಲು ಪರ್ಲೈಟ್, ಒಂದು ಪಾಲು ಎಲೆಗೊಬ್ಬರ ಸಾಕು. ಬುಡದ ಕಾಂಡವನ್ನು ಹೂಳಬಾರದು. ಗರಿಯ ಹಿಂಬದಿಯಲ್ಲಿ ಒಂದೇ ಅಂತರದಲ್ಲಿ ಸಾಲಾಗಿರುವ ಕಂದು ಚುಕ್ಕೆಗಳು ಬೀಜಕಗಳ (ಫರ್ನ್ ವಂಶ ಬೆಳೆಸುವ ಸಣ್ಣ ಕಣಗಳ) ಗುಂಪು, ರೋಗವಲ್ಲ. ಅಡ್ಡಾದಿಡ್ಡಿಯಾಗಿ ಅಂಟಿಕೊಂಡು ಉಗುರಿಗೆ ಕಿತ್ತುಬರುವುದು ಶಲ್ಕ ಕೀಟ.

ಪೂರ್ತಿ ಒಣಗಿದ ಕುಂಡಕ್ಕೆ ಮೇಲಿನಿಂದ ನೀರು ಹಾಕಿದರೆ ಅದು ಬದಿಯಿಂದ ಇಳಿದುಹೋಗುತ್ತದೆ. ಗುಳ್ಳೆ ನಿಲ್ಲುವವರೆಗೆ, ಸುಮಾರು ಅರ್ಧ ಗಂಟೆ, ಬಕೆಟ್ ನೀರಿನಲ್ಲಿ ಕೂರಿಸಿ. ಒಣಗಿದ ಗರಿಗಳನ್ನು ಬುಡದಿಂದ 2–3 ಸೆಂ.ಮೀ. ಬಿಟ್ಟು ಕತ್ತರಿಸಿ, ಪಾರದರ್ಶಕ ಪ್ಲಾಸ್ಟಿಕ್ ಚೀಲ ಮುಚ್ಚಿ, ನೇರ ಬಿಸಿಲು ತಾಗದ ಬೆಳಕಿನಲ್ಲಿಡಿ. ದಿನಕ್ಕೊಮ್ಮೆ ಚೀಲ ತೆರೆದು ಗಾಳಿಯಾಡಿಸಿ. ಬುಡದ ಕಾಂಡ ಗಟ್ಟಿಯಾಗಿದ್ದರೆ ಕೆಲವು ವಾರಗಳಲ್ಲಿ ಸುರುಳಿ ಚಿಗುರು ಕಾಣಿಸೀತು. ಎರಡು ಮೂರು ಗರಿ ಬಿಚ್ಚುವ ತನಕ ಗೊಬ್ಬರ ಬೇಡ, ಆಮೇಲೂ ಗೊಬ್ಬರದ ಪೊಟ್ಟಣದಲ್ಲಿ ಹೇಳಿದ ಪ್ರಮಾಣದ ಅರ್ಧ ಮಾತ್ರ.

ಮೀಟರ್ ಈಗಾಗಲೇ ಕೊಂಡಿದ್ದರೆ ಎಸೆಯಬೇಕಿಲ್ಲ. ದೊಡ್ಡ ಕುಂಡದ ತಳದಲ್ಲಿ ನೀರು ನಿಂತಿದೆಯೇ ಎಂಬ ಅಂದಾಜಿಗೆ, ಅದೇ ಕುಂಡದ ಹಿಂದಿನ ಅಂಕಿಯೊಂದಿಗೆ ಹೋಲಿಸಲು ಬಳಸಿ. ಓದಿದ ಕೂಡಲೇ ಕಡ್ಡಿ ಹೊರತೆಗೆದು ಒರೆಸಿ. ಮಣ್ಣಿನಲ್ಲೇ ಬಿಟ್ಟರೆ ತುದಿಯ ಲೋಹ ಸವೆದು, ಇರುವ ಅಷ್ಟಿಷ್ಟು ನಿಖರತೆಯೂ ಹೋಗುತ್ತದೆ.